64 ಕಿಲೋಬೈಟಿನಲ್ಲಿ ತಂಬೂರಿ ಹಿಡಿದೀತೇ?

ತರಗುಪೇಟೆಯಲ್ಲಿ ದವಸಧಾನ್ಯದ ಮಂಡಿ ಇಟ್ಟುಕೊಂಡಿದ್ದ ಮನೆತನ ನಮ್ಮದು. ಲಾರಿಯಿಂದ ರಾಗಿಯದೋ ತೊಗರಿಯದೋ ಮೂಟೆಗಳು ಇಳಿದೊಡನೆ ನಮ್ಮ ತಂದೆಯವರು ಚೂಪು ಮೂತಿಯ ಟೊಳ್ಳು ಕಬ್ಬಿಣದ ಕೊಳವೆಯೊಂದನ್ನು ಗೋಣಿಚೀಲಕ್ಕೆ ಚುಚ್ಚುತ್ತಿದ್ದರು. ಅಂಗೈಗೆ ಜಾರಿದ ಒಂದು ಹಿಡಿ ಕಾಳನ್ನು ನೋಡಿ, ಮೂಸಿ, ಎರಡು ಕಾಳು ಬಾಯಿಗೆ ಹಾಕಿಕೊಂಡು ಇಡೀ ಲೋಡಿನ ಬೆಲೆ ಹೇಳುತ್ತಿದ್ದರು. ಪೇಟೆಯ ಮಾತಿನಲ್ಲಿ ಅದಕ್ಕೆ 'ಸ್ಯಾಂಪಲ್' ಎಂದೇ ಹೆಸರು. ಎಲ್ಲಿ ಚುಚ್ಚಬೇಕು, ಎಷ್ಟು ಕಡೆ ಚುಚ್ಚಬೇಕು ಎಂಬುದರಲ್ಲೇ ವ್ಯಾಪಾರದ ಜಾಣ್ಮೆಯೆಲ್ಲ ಇತ್ತು. ಮೇಲೆ ಒಳ್ಳೆಯ ಕಾಳು, ಅಡಿಯಲ್ಲಿ ಮುಗ್ಗಲು ತುಂಬಿದ ಮೂಟೆಯೂ ಬರುತ್ತಿತ್ತು.

ಅದೇ ಮನೆಯ ಮಹಡಿಯಲ್ಲಿ, ತೊಂಬತ್ತರ ದಶಕದ ಮಧ್ಯದಲ್ಲಿ, ಸಂಜೆ ಹೊತ್ತು ಎರಡು ಪೆಟ್ಟಿಗೆಗಳು ಒಟ್ಟಿಗೆ ಸದ್ದು ಮಾಡುತ್ತಿದ್ದವು. ಒಂದು, ನಮ್ಮ ಅಕ್ಕನ ಮಗನ ವಿಡಿಯೋ ಗೇಮ್. ಎಸ್.ಪಿ. ರಸ್ತೆಯಿಂದ ಕೊಂಡು ತಂದದ್ದು. ಅದರ ಕ್ಯಾಸೆಟ್ಟಿನ ಮೇಲೆ 9999 ಆಟಗಳೆಂದು ಅಚ್ಚಾಗಿತ್ತು. ಹುಡುಗ ಕುಳಿತು ಎಣಿಸಿದ. ಹತ್ತು ಹದಿನೈದು ಆಟಗಳೇ ಬೇರೆ ಬೇರೆ ಹೆಸರಿನಲ್ಲಿ ಮತ್ತೆ ಮತ್ತೆ ಬರುತ್ತಿದ್ದವು. ಇನ್ನೊಂದು, ಅಕ್ಕನ ಸಂಗೀತಾಭ್ಯಾಸದ ಎಲೆಕ್ಟ್ರಾನಿಕ್ ತಂಬೂರಿ. ಯಾರೋ ಅಗ್ಗಕ್ಕೆ ಕೊಡಿಸಿದ್ದು. ಅಕ್ಕನಿಗೆ ಅದರ ಮೇಲೆ ಒಂದು ದೂರು ಇತ್ತು: “ಶ್ರುತಿ ಸರಿಯಾಗಿದೆ ಕಣೋ, ಆದರೆ ಇದು ಉಸಿರಾಡೋಲ್ಲ.” ಭೌತವಿಜ್ಞಾನ ಓದುತ್ತಿದ್ದ ನಾನು ನಕ್ಕುಬಿಟ್ಟಿದ್ದೆ. ಆವೃತ್ತಿ ಸರಿಯಾಗಿದ್ದ ಮೇಲೆ ಇನ್ನೇನು ಬೇಕು ಎಂಬುದು ಆಗಿನ ನನ್ನ ಧೋರಣೆ. ಆ ದೂರು ಸಂಪೂರ್ಣ ನ್ಯಾಯವಾದದ್ದೆಂದು ತಿಳಿಯಲು ನನಗೆ ಕೆಲವು ವರ್ಷ ಬೇಕಾಯಿತು. ತಿಳಿಸಿಕೊಟ್ಟದ್ದು, ವಿಚಿತ್ರವೆಂದರೆ, ಪಕ್ಕದ ಕೋಣೆಯ ವಿಡಿಯೋ ಗೇಮ್.

ಸದ್ದನ್ನು ಅಳೆದು ಇಡುವುದು

ಸದ್ದು ಎಂದರೆ ಗಾಳಿಯ ಒತ್ತಡದ ಏರಿಳಿತ. ಮೈಕ್ರೋಫೋನು ಅದನ್ನು ವಿದ್ಯುತ್ ವೋಲ್ಟೇಜಿನ ಏರಿಳಿತವಾಗಿ ಬದಲಿಸುತ್ತದೆ. ಈ ವೋಲ್ಟೇಜನ್ನು ಸಮಾನ ಅಂತರದ ಕ್ಷಣಗಳಲ್ಲಿ ಅಳೆದು, ಬಂದ ಸಂಖ್ಯೆಗಳನ್ನು ಸಾಲಾಗಿ ಬರೆದಿಟ್ಟರೆ ಸದ್ದಿನ ಅಂಕೀಯ ರೂಪ ಸಿದ್ಧವಾಯಿತು. ಈ ಲೇಖನದಲ್ಲಿ ಒಂದೊಂದು ಅಳತೆಯನ್ನು 'ಮಾದರಿ' ಎನ್ನುತ್ತೇನೆ. ಹೀಗೆ ಅಳೆದಿಟ್ಟ ವಾದ್ಯದ ಒಂದು ಇಡೀ ತುಣುಕನ್ನು, ಸಂಗೀತದವರ ವಾಡಿಕೆಯಂತೆ, 'ಸ್ಯಾಂಪಲ್' ಎನ್ನೋಣ.

ಸೆಕೆಂಡಿಗೆ ಎಷ್ಟು ಸಲ ಅಳೆಯಬೇಕು? ಸದ್ದಿನಲ್ಲಿರುವ ಅತಿ ಹೆಚ್ಚಿನ ಆವೃತ್ತಿಯ ಎರಡು ಪಟ್ಟಿಗಿಂತ ಹೆಚ್ಚು ಸಲ. ನೈಕ್ವಿಸ್ಟ್ 1928ರಲ್ಲಿ ಇದರ ಬೀಜರೂಪವನ್ನು ಹೇಳಿದ. ಶ್ಯಾನನ್ 1949ರಲ್ಲಿ ಪ್ರಮೇಯವಾಗಿ ಬಿಡಿಸಿಟ್ಟ. ಮನುಷ್ಯನ ಕಿವಿ ಸುಮಾರು 20,000 ಹರ್ಟ್ಜ್‌ವರೆಗೆ ಕೇಳುವುದರಿಂದ ಆಡಿಯೋ ಸಿ.ಡಿ.ಯಲ್ಲಿ ಸೆಕೆಂಡಿಗೆ 44,100 ಮಾದರಿಗಳಿರುತ್ತವೆ. ಒಂದೊಂದಕ್ಕೂ 16 ಬಿಟ್, ಅಂದರೆ 2 ಬೈಟ್. ಒಂದು ಸೆಕೆಂಡಿಗೆ ಒಂದು ಕಿವಿಗೆ 88,200 ಬೈಟ್ ಆಯಿತು.

ಇದರ ಪಕ್ಕದಲ್ಲಿ ಇನ್ನೊಂದು ಸಂಖ್ಯೆ ಇಡಿ. ನಿಂಟೆಂಡೊ ಕಂಪನಿಯ 'ಸೂಪರ್ ಮಾರಿಯೋ ಬ್ರದರ್ಸ್' ಆಟ 1985ರಲ್ಲಿ ಬಂತು. ಅದರ ಎಲ್ಲ ಚಿತ್ರಗಳು, ಎಲ್ಲ ಘಟ್ಟಗಳು, ಸಂಗೀತ ಮತ್ತು ಪ್ರೋಗ್ರಾಂ ಸೇರಿ ಒಟ್ಟು 40 ಕಿಲೋಬೈಟ್. ಸಿ.ಡಿ. ಗುಣಮಟ್ಟದಲ್ಲಿ ಇದು ಅರ್ಧ ಸೆಕೆಂಡಿನ ಸದ್ದಿಗೂ ಸಾಲದು. ಆದ್ದರಿಂದ ಆ ಕಾಲದ ಆಟಗಳಲ್ಲಿ ವಾದ್ಯವನ್ನು ಅಳೆದು ಇಡುತ್ತಿರಲಿಲ್ಲ. ಚಿಪ್ಪಿನೊಳಗಿನ ಸರ್ಕ್ಯೂಟೇ ಚೌಕ ತರಂಗ, ತ್ರಿಕೋನ ತರಂಗ, ಗೊಜ್ಜಲು ಸದ್ದು, ಇವನ್ನು ಹುಟ್ಟಿಸುತ್ತಿತ್ತು. ಪ್ರೋಗ್ರಾಂ ಹೇಳಬೇಕಾದದ್ದು ಇಷ್ಟೇ: ಯಾವ ಸ್ವರ, ಎಷ್ಟು ಹೊತ್ತು. ನಮ್ಮ ಅಕ್ಕನ ಮಗನ ಪೆಟ್ಟಿಗೆಯ 'ಪಿಂಯ್ ಪಿಂಯ್' ಇದೇ.

ಒಂದೇ ಬಿಟ್ಟಿನ ಡೋಲು

ಆದರೆ ಆ ಪೆಟ್ಟಿಗೆಯಿಂದಲೇ ಒಮ್ಮೊಮ್ಮೆ ನಿಜವಾದ ಡೋಲಿನ ಪೆಟ್ಟು ಕೇಳಿಸುತ್ತಿತ್ತು. ನಿಂಟೆಂಡೊ 1983ರಲ್ಲಿ ಜಪಾನಿನಲ್ಲಿ ಬಿಡುಗಡೆ ಮಾಡಿದ 'ಫ್ಯಾಮಿಕಾಮ್' ಯಂತ್ರದ ನಕಲುಗಳೇ ನಮ್ಮಲ್ಲಿ ಮಾರಾಟವಾಗುತ್ತಿದ್ದವು. ಆ ಯಂತ್ರದ ಚಿಪ್ಪಿನಲ್ಲಿ ಐದು ಧ್ವನಿಮಾರ್ಗಗಳಿದ್ದವು: ಎರಡು ಚೌಕ ತರಂಗಕ್ಕೆ, ಒಂದು ತ್ರಿಕೋನಕ್ಕೆ, ಒಂದು ಗೊಜ್ಜಲಿಗೆ. ಐದನೆಯದು ಸ್ಯಾಂಪಲ್ಲಿಗೆ.

ಈ ಐದನೆಯ ಮಾರ್ಗದ ಉಪಾಯ ಪಾಠ ಹೇಳಲು ತುಂಬ ಒಳ್ಳೆಯದು. ಪ್ರತಿ ಮಾದರಿಗೂ ಪೂರ್ಣ ಸಂಖ್ಯೆ ಇಡುವ ಬದಲು ಒಂದೇ ಒಂದು ಬಿಟ್ ಇಡುತ್ತಾರೆ. ಬಿಟ್ 1 ಆದರೆ ಮಟ್ಟ ಎರಡು ಮೆಟ್ಟಿಲು ಮೇಲಕ್ಕೆ, 0 ಆದರೆ ಎರಡು ಮೆಟ್ಟಿಲು ಕೆಳಕ್ಕೆ. ಒಟ್ಟು ಮಟ್ಟಗಳು 128. ಅತಿ ವೇಗದಲ್ಲಿ ಸೆಕೆಂಡಿಗೆ ಸುಮಾರು 33,144 ಬಿಟ್ ಓದುತ್ತದೆ. ಒಂದು ಸ್ಯಾಂಪಲ್ ಹೆಚ್ಚೆಂದರೆ 4,081 ಬೈಟ್ ಇರಬಹುದು, ಅಂದರೆ ಅತಿ ವೇಗದಲ್ಲಿ ಒಂದು ಸೆಕೆಂಡಿಗೆ ತುಸು ಕಡಿಮೆ.

ಈಗ ಒಂದು ಲೆಕ್ಕ ಮಾಡೋಣ. ಕೆಳಗಿನ ತುದಿಯಿಂದ ಮೇಲಿನ ತುದಿಗೆ ಹೋಗಲು 63 ಹೆಜ್ಜೆ, ಮರಳಲು ಮತ್ತೆ 63. ಒಂದು ಪೂರ್ಣ ಆವರ್ತಕ್ಕೆ 126 ಹೆಜ್ಜೆ. 33,144ನ್ನು 126ರಿಂದ ಭಾಗಿಸಿದರೆ ಸುಮಾರು 263. ಅಂದರೆ ಪೂರ್ಣ ಪಾರದಲ್ಲಿ ಈ ಮಾರ್ಗ ನುಡಿಸಬಲ್ಲ ತ್ರಿಕೋನ ತರಂಗದ ಗರಿಷ್ಠ ಆವೃತ್ತಿ 263 ಹರ್ಟ್ಜ್! ಅದಕ್ಕಿಂತ ಹೆಚ್ಚಿನ ಆವೃತ್ತಿಗಳು ಬರುತ್ತವೆ, ಆದರೆ ಪಾರ ಅಷ್ಟಕ್ಕಷ್ಟೇ ಕುಗ್ಗಬೇಕು. ಸದ್ದಿನ ಇಳಿಜಾರು ಕಡಿದಾದರೆ ಏಣಿ ಹತ್ತುವವನು ಹಿಂದೆ ಬೀಳುತ್ತಾನೆ.

ಹಾಗಾದರೆ ಇಂಥ ಮಾರ್ಗಕ್ಕೆ ಯಾವ ವಾದ್ಯ ಹೊಂದೀತು? ತಗ್ಗು ಆವೃತ್ತಿಯಲ್ಲಿ ಜೋರಾಗಿಯೂ ಮೇಲಿನ ಆವೃತ್ತಿಗಳಲ್ಲಿ ಮೆಲ್ಲಗೂ ನುಡಿಯುವಂಥದ್ದು. ಅಂದರೆ ಡೋಲು, ಬಾಸ್ ಗಿಟಾರ್. ಬಾಸ್ ಗಿಟಾರಿನ ಅತಿ ತಗ್ಗಿನ ಬಿಡಿ ತಂತಿ 41 ಹರ್ಟ್ಜ್. 1988ರ 'ಸೂಪರ್ ಮಾರಿಯೋ ಬ್ರದರ್ಸ್ 3'ರಲ್ಲಿ ಈ ಮಾರ್ಗದಿಂದ ಬಂದದ್ದು ತಾಳವಾದ್ಯದ ಪೆಟ್ಟುಗಳು. ಸನ್‌ಸಾಫ್ಟ್ ಎಂಬ ಕಂಪನಿಯವರು ತೊಂಬತ್ತರ ದಶಕದ ಆರಂಭದ ಆಟಗಳಲ್ಲಿ ಇಲ್ಲಿ ಬಾಸ್ ಗಿಟಾರನ್ನೇ ಇಟ್ಟರು. ಓದುವ ವೇಗಗಳು ಹದಿನಾರೇ ಇದ್ದುದರಿಂದ ಅವುಗಳಿಂದ ಎಲ್ಲ ಸ್ವರಗಳೂ ಹೊರಡುತ್ತಿರಲಿಲ್ಲ. ಬೇರೆ ಬೇರೆ ಸ್ವರಕ್ಕೆ ಬೇರೆ ಬೇರೆ ಸ್ಯಾಂಪಲ್ ಮಾಡಿ ಇಡಬೇಕಾಗುತ್ತಿತ್ತು. ಸಂಗೀತಗಾರನ ರುಚಿಯಷ್ಟೇ ಮೆಟ್ಟಿಲಿನ ಎತ್ತರವೂ ವಾದ್ಯವನ್ನು ಆರಿಸುತ್ತದೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ಉದಾಹರಣೆ ನನಗೆ ತಿಳಿದಿಲ್ಲ. ನಮ್ಮ ಮೃದಂಗದ ಎಡಗಡೆ ಇಲ್ಲಿ ಚೆನ್ನಾಗಿಯೇ ಬರುತ್ತಿತ್ತು. ಬಲಗಡೆ ಕಷ್ಟ.

ಮೂರೂವರೆ ಸೆಕೆಂಡಿನ ವಾದ್ಯವೃಂದ

ಅಮಿಗಾ ಎಂಬ ಗೃಹಬಳಕೆಯ ಕಂಪ್ಯೂಟರು 1985ರಲ್ಲೇ ನಾಲ್ಕು ಮಾರ್ಗಗಳಲ್ಲಿ 8 ಬಿಟ್ಟಿನ ಸ್ಯಾಂಪಲ್ ನುಡಿಸುತ್ತಿತ್ತು. ಆದರೆ ನಮ್ಮ ಚರ್ಚೆಗೆ ಹೆಚ್ಚು ಉಪಯುಕ್ತವಾದದ್ದು ನಿಂಟೆಂಡೊ 1990ರ ನವೆಂಬರಿನಲ್ಲಿ ತಂದ 'ಸೂಪರ್ ಫ್ಯಾಮಿಕಾಮ್'. ಇದರ ಧ್ವನಿವಿಭಾಗವನ್ನು ಸೋನಿ ಕಂಪನಿಯ ಕೆನ್ ಕುತರಾಗಿ ವಿನ್ಯಾಸ ಮಾಡಿದರು. ಮುಂದೆ ಪ್ಲೇಸ್ಟೇಷನ್ ಕಟ್ಟಿದವರೂ ಅವರೇ. ಇಲ್ಲಿ ಸರ್ಕ್ಯೂಟು ತರಂಗ ಹುಟ್ಟಿಸುವುದನ್ನು ಬಹುತೇಕ ಕೈಬಿಟ್ಟಿತು. ಎಂಟು ಮಾರ್ಗಗಳಲ್ಲೂ ಸ್ಯಾಂಪಲ್ಲೇ. ಸೆಕೆಂಡಿಗೆ 32,000 ಮಾದರಿಗಳು, 16 ಬಿಟ್ ಹೊರಹರಿವು. ಆದರೆ ಧ್ವನಿಗೆ ಮೀಸಲಾದ ಮೆಮೊರಿ 64 ಕಿಲೋಬೈಟ್ ಮಾತ್ರ. ಅದೇ ಜಾಗದಲ್ಲಿ ಸಂಗೀತ ನುಡಿಸುವ ಪ್ರೋಗ್ರಾಮೂ, ಸ್ವರಲಿಪಿಯೂ ಇರಬೇಕು. ಮಾರ್ದನಿ ಬೇಕೆಂದರೆ ಅದಕ್ಕೂ ಇಲ್ಲಿಂದಲೇ ಜಾಗ: 240 ಮಿಲಿಸೆಕೆಂಡಿನ ಮಾರ್ದನಿಗೆ 30 ಕಿಲೋಬೈಟ್, ಹತ್ತಿರ ಹತ್ತಿರ ಅರ್ಧ ಮನೆ.

ಸ್ಯಾಂಪಲ್ಲನ್ನು ಇಲ್ಲಿ ಒತ್ತಿ ಇಡುತ್ತಿದ್ದರು. 16 ಮಾದರಿಗಳ ಒಂದು ಕಂತೆಗೆ 9 ಬೈಟ್. ಒಂದು ಬೈಟಿನಲ್ಲಿ ಆ ಕಂತೆಯ ಅಳತೆಗೋಲು ಎಷ್ಟು ದೊಡ್ಡದು ಎಂಬ ಸೂಚನೆ, ಉಳಿದ ಎಂಟರಲ್ಲಿ ಮಾದರಿಗೆ 4 ಬಿಟ್ಟಿನಂತೆ 16 ಮಾದರಿಗಳು. ಸದ್ದು ಮೆಲ್ಲಗಿದ್ದಾಗ ಸಣ್ಣ ಅಳತೆಗೋಲು, ಜೋರಿದ್ದಾಗ ದೊಡ್ಡದು. ಚಿನ್ನ ತೂಗಲು ಬೇರೆ ತಕ್ಕಡಿ, ಬೆಲ್ಲ ತೂಗಲು ಬೇರೆ ತಕ್ಕಡಿ ಇರುವಂತೆ.

64 ಕಿಲೋಬೈಟ್ ಎಂದರೆ 65,536 ಬೈಟ್. ಅದನ್ನು 9ರಿಂದ ಭಾಗಿಸಿ 16ರಿಂದ ಗುಣಿಸಿದರೆ ಸುಮಾರು 1,16,500 ಮಾದರಿಗಳು. ಸೆಕೆಂಡಿಗೆ 32,000ದಂತೆ 3.6 ಸೆಕೆಂಡು. ಪ್ರೋಗ್ರಾಮೂ ಬೇಡ, ಮಾರ್ದನಿಯೂ ಬೇಡ ಎಂದರೂ ಇಡೀ ವಾದ್ಯವೃಂದಕ್ಕೆ ಇರುವುದು ಮೂರೂವರೆ ಸೆಕೆಂಡು. 1994ರ 'ಫೈನಲ್ ಫ್ಯಾಂಟಸಿ 6' ಎಂಬ ಆಟದಲ್ಲಿ ನೊಬುವೊ ಉಯೆಮಾತ್ಸು ಇದೇ ಯಂತ್ರದಲ್ಲಿ ಒಂದು ಆಪೆರಾ ದೃಶ್ಯವನ್ನೇ ಮಾಡಿದ್ದಾರೆ, ಹಾಡುವ ದನಿ ಸಮೇತ. ಹೇಗೆ ಸಾಧ್ಯ?

ಉತ್ತರ ಇರುವುದು ಕಿವಿಯ ಸ್ವಭಾವದಲ್ಲಿ. ಒಂದು ಸ್ವರಕ್ಕೆ ಎರಡು ಭಾಗಗಳಿವೆ ಎಂದುಕೊಳ್ಳಿ. ಮೊದಲನೆಯದು ಹುಟ್ಟು: ಕಮಾನು ತಂತಿಗೆ ಕಚ್ಚುವುದು, ಉಸಿರು ಕೊಳಲ ಬಾಯಿಗೆ ತಾಗುವುದು, ಉಗುರು ತಂತಿಯನ್ನು ಬಿಡುವುದು. ಇದು ಕೆಲವು ಹತ್ತು ಮಿಲಿಸೆಕೆಂಡುಗಳ ಮಾತು. ಎರಡನೆಯದು ನಿಲುವು: ಸ್ವರ ನೆಲೆನಿಂತ ಮೇಲೆ ಒಂದೇ ಆಕಾರದ ತರಂಗ ಮರುಕಳಿಸುವುದು. ಯಾವ ವಾದ್ಯ ಎಂದು ಗುರುತು ಹಿಡಿಯಲು ಕಿವಿ ಹುಟ್ಟಿನ ಮೇಲೆ ಬಹಳ ಅವಲಂಬಿಸುತ್ತದೆ. ಇದನ್ನು ತರಗತಿಯಲ್ಲಿ ಮಾಡಿ ನೋಡಬಹುದು. ನಾನು ಪಿಟೀಲು, ಕೊಳಲು, ಹಾರ್ಮೋನಿಯಂ ಮೂರರ ಒಂದೇ ಸ್ವರವನ್ನು ಧ್ವನಿಮುದ್ರಿಸಿ, ಮೊದಲ ಹತ್ತನೆಯ ಒಂದು ಸೆಕೆಂಡನ್ನು ಕತ್ತರಿಸಿ ಕೇಳಿಸಿದ್ದೆ. ಹತ್ತು ವರ್ಷ ಪಿಟೀಲು ಕಲಿತಿದ್ದ ವಿದ್ಯಾರ್ಥಿನಿಯೊಬ್ಬಳು ತನ್ನ ವಾದ್ಯವನ್ನೇ ಹಾರ್ಮೋನಿಯಂ ಎಂದಳು. ಆಮೇಲೆ ಒಂದು ವಾರ ನನ್ನ ಮೇಲೆ ಮುನಿಸು.

ಆದ್ದರಿಂದ ಆಟದ ಸಂಗೀತದವರು ಹುಟ್ಟನ್ನು ಮಾತ್ರ ಪೂರ್ತಿಯಾಗಿ ಇಟ್ಟುಕೊಂಡು, ನಿಲುವಿನಿಂದ ಒಂದೆರಡು ಆವರ್ತಗಳನ್ನಷ್ಟೇ ತೆಗೆದು ಅದನ್ನೇ ಸುತ್ತಿ ಸುತ್ತಿ ನುಡಿಸಿದರು. ಹೀಗೆ ಸುತ್ತುವ ತುಣುಕಿಗೆ 'ಲೂಪ್' ಎನ್ನುತ್ತಾರೆ. ಲೂಪಿನ ಕೊನೆಯ ಮಾದರಿಯೂ ಮೊದಲ ಮಾದರಿಯೂ ನಯವಾಗಿ ಕೂಡಬೇಕು, ಇಲ್ಲವಾದರೆ ಪ್ರತಿ ಸುತ್ತಿಗೂ 'ಟಕ್' ಎನ್ನುತ್ತದೆ. ಕಂತೆ 16 ಮಾದರಿಗಳದ್ದಾದ್ದರಿಂದ ಲೂಪಿನ ಉದ್ದವೂ 16ರ ಗುಣಕವಾಗಿರಬೇಕು. ಹೊಂದದಿದ್ದರೆ ಸ್ಯಾಂಪಲ್ಲನ್ನು ಸ್ವಲ್ಪ ಹಿಗ್ಗಿಸಿ ಹೊಂದಿಸಿಕೊಳ್ಳುತ್ತಿದ್ದರು. ಸ್ವರ ಕ್ರಮೇಣ ಕುಗ್ಗುವಂತೆ ಮಾಡುವ ಕೆಲಸ ಚಿಪ್ಪಿನದು. ಅದಕ್ಕೆ ಮೆಮೊರಿ ಬೇಡ.

130.8 ಹರ್ಟ್ಜಿನ ಷಡ್ಜವನ್ನು ತೆಗೆದುಕೊಳ್ಳಿ. ಒಂದು ಆವರ್ತ 7.6 ಮಿಲಿಸೆಕೆಂಡು. 32,000ದ ದರದಲ್ಲಿ ಸುಮಾರು 245 ಮಾದರಿ. ಇದನ್ನು 256ಕ್ಕೆ ಹಿಗ್ಗಿಸಿದರೆ 16 ಕಂತೆ, 144 ಬೈಟ್. ಹುಟ್ಟಿಗೆ ಹತ್ತನೆಯ ಒಂದು ಸೆಕೆಂಡು ಇಟ್ಟರೆ 3,200 ಮಾದರಿ, 1,800 ಬೈಟ್. ಒಟ್ಟು 1,944 ಬೈಟಿನಲ್ಲಿ ಒಂದು ವಾದ್ಯ ಮುಗಿಯಿತು! ಇಂಥ ಹದಿನೈದು ವಾದ್ಯ ಇಟ್ಟರೂ ಅರ್ಧ ಮೆಮೊರಿ ಉಳಿಯುತ್ತದೆ. ಸಂಗೀತಕ್ಕೆ ಇಷ್ಟು ಚೊಕ್ಕವಾದ ಉಗ್ರಾಣದ ಲೆಕ್ಕವನ್ನು ನಮ್ಮ ತಂದೆಯವರು ಮೆಚ್ಚುತ್ತಿದ್ದರು.

ಲೂಪಿಗೆ ಸಿಕ್ಕದ ವಾದ್ಯ

ಈ ಉಪಾಯದ ಹಿಂದೆ ಒಂದು ಊಹೆ ಇದೆ: ಹುಟ್ಟು ಮುಗಿದ ಮೇಲೆ ತರಂಗದ ಆಕಾರ ಹೆಚ್ಚು ಬದಲಾಗುವುದಿಲ್ಲ. ತುತ್ತೂರಿ, ಹಾರ್ಮೋನಿಯಂ, ಆರ್ಗನ್ನುಗಳಿಗೆ ಇದು ಬಹುಮಟ್ಟಿಗೆ ನಿಜ. ಮೂಟೆಯ ತುಂಬ ಒಂದೇ ಕಾಳು. ತಂಬೂರಿಯ ವಿಷಯದಲ್ಲಿ ಇದು ಪೂರ್ತಿ ಸುಳ್ಳು.

ಏಕೆಂದು ನೋಡಲು 1921ಕ್ಕೆ ಹೋಗಬೇಕು. ಸಿ.ವಿ. ರಾಮನ್ ಆಗಿನ್ನೂ ಕಲ್ಕತ್ತೆಯಲ್ಲಿದ್ದರು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಗೆ ಅವರು ಬಂದದ್ದು 1933ರಲ್ಲಿ. ಆ ವರ್ಷ ಅವರು ಭಾರತೀಯ ತಂತಿವಾದ್ಯಗಳ ಬಗ್ಗೆ ಒಂದು ಚಿಕ್ಕ ಪ್ರಬಂಧ ಪ್ರಕಟಿಸಿದರು. ತಂತಿಯನ್ನು ಯಾವ ಬಿಂದುವಿನಲ್ಲಿ ಮೀಟುತ್ತೇವೋ, ಆ ಬಿಂದು ಯಾವ ಹಾರ್ಮೋನಿಕ್ಕಿನ ನಿಸ್ಪಂದ ಬಿಂದುವೋ ಆ ಹಾರ್ಮೋನಿಕ್ ಹುಟ್ಟುವುದಿಲ್ಲ ಎಂಬುದು ಯಂಗ್ ಮತ್ತು ಹೆಲ್ಮ್‌ಹೋಲ್ಟ್ಸರ ನಿಯಮ. ತಂತಿಯ ನಟ್ಟನಡುವೆ ಮೀಟಿದರೆ ಎರಡನೆಯದು, ನಾಲ್ಕನೆಯದು ಇರಕೂಡದು. ತಂಬೂರಿಯಲ್ಲಿ, ವೀಣೆಯಲ್ಲಿ ಇವು ಕೇಳಿಸುತ್ತವೆ ಎಂದು ರಾಮನ್ ತೋರಿಸಿದರು. ನಿಯಮ ತಪ್ಪಲ್ಲ. ನಿಯಮ ಹೇಳುವುದು ಚೂಪು ಅಂಚಿನ ಮೇಲೆ ಕೂತ ತಂತಿಯ ಮಾತು. ನಮ್ಮ ಕುದುರೆ ಅಗಲ, ಅದರ ಮೈ ಬಾಗು.

ತಂಬೂರಿಯ ಕುದುರೆಯ ಮೇಲೆ, ತಂತಿಯ ಕೆಳಗೆ, ಒಂದು ಹತ್ತಿಯ ದಾರವನ್ನು ಜಾರಿಸಿ ಕೂರಿಸುತ್ತಾರೆ. ಅದರ ಹೆಸರೇ ಜೀವಾಳ. ತಂತಿ ಕಂಪಿಸಿದಾಗ ಕುದುರೆಯ ಬಾಗಿದ ಮೈಯನ್ನು ಪ್ರತಿ ಆವರ್ತದಲ್ಲೂ ಸವರಿ ಏಳುತ್ತದೆ. ಸವರಿದಾಗ ತಂತಿಯ ಸ್ವತಂತ್ರ ಉದ್ದ ಕಿಂಚಿತ್ ಕಡಿಮೆ, ಎದ್ದಾಗ ಕಿಂಚಿತ್ ಹೆಚ್ಚು. ಈ ಸವರುವಿಕೆಯಿಂದ ತಗ್ಗು ಹಾರ್ಮೋನಿಕ್‌ಗಳ ಶಕ್ತಿ ಮೇಲಿನವಕ್ಕೆ ಹಂಚಿಹೋಗುತ್ತದೆ. ಮೊದಲಿಗೆ ಪ್ರಬಲವಾಗುವುದು ಬಹಳ ಮೇಲಿನ ಹಾರ್ಮೋನಿಕ್‌ಗಳ ಒಂದು ಗುಂಪು. ಕಂಪನದ ಪಾರ ಕಡಿಮೆಯಾದಂತೆಲ್ಲ ಆ ಪ್ರಬಲ ಗುಂಪು ಮೆಲ್ಲನೆ ಕೆಳಗಿನ ಹಾರ್ಮೋನಿಕ್‌ಗಳತ್ತ ಇಳಿಯುತ್ತದೆ. ತಂಬೂರಿಯ ಒಂದು ಮೀಟಿನಲ್ಲಿ ಕಿವಿಗೊಟ್ಟರೆ ಸ್ವರ 'ಅರಳಿ ಇಳಿದಂತೆ' ಕೇಳುವುದು ಇದೇ. ಇದು ಹತ್ತನೆಯ ಒಂದು ಸೆಕೆಂಡಿನಲ್ಲಿ ಮುಗಿಯುವ ಹುಟ್ಟಲ್ಲ. ಹಲವು ಸೆಕೆಂಡು ನಡೆಯುವ ಕಥೆ.

ಹಾಗಾದರೆ ತಂಬೂರಿಯ ಒಂದು ಮೀಟನ್ನು ಲೂಪಿಲ್ಲದೆ, ನಾಲ್ಕು ಸೆಕೆಂಡು ಪೂರ್ತಿ ಇಟ್ಟರೆ? 1,28,000 ಮಾದರಿ, 8,000 ಕಂತೆ, 72,000 ಬೈಟ್. ಯಂತ್ರದ ಒಟ್ಟು ಮೆಮೊರಿ 65,536. ಆಪೆರಾವನ್ನೇ ಹಿಡಿಸಿಕೊಂಡ ಪೆಟ್ಟಿಗೆಗೆ ತಂಬೂರಿಯ ಒಂದೇ ಒಂದು ತಂತಿಯ ಒಂದೇ ಒಂದು ಮೀಟು ಹಿಡಿಸಲಿಲ್ಲ! ಲೂಪ್ ಮಾಡಿದರೆ ಹಿಡಿಸುತ್ತದೆ, ಆದರೆ ಅರಳಿ ಇಳಿಯುವುದು ಇರುವುದಿಲ್ಲ. ಎಲ್ಲಿ ಕತ್ತರಿಸಿದಿರೋ ಆ ಕ್ಷಣದ ಬಣ್ಣವೇ ಕೊನೆಯವರೆಗೆ.

ಅಕ್ಕನ ದೂರು ನನಗೆ ಅರ್ಥವಾದದ್ದು ಈ ಲೆಕ್ಕ ಮಾಡಿದ ದಿನ. ಆ ಅಗ್ಗದ ಪೆಟ್ಟಿಗೆಯೊಳಗೆ ಏನಿತ್ತೆಂದು ನಾನು ಬಿಚ್ಚಿ ನೋಡಿಲ್ಲ. ಅದರ ಸದ್ದನ್ನು ಆಸಿಲೋಸ್ಕೋಪಿಗೆ ಕೊಟ್ಟು ನೋಡಿದ್ದೆ. ಮೀಟಿದ ಕ್ಷಣಕ್ಕೂ ಎರಡು ಸೆಕೆಂಡಿನ ನಂತರಕ್ಕೂ ತರಂಗದ ಆಕಾರ ಒಂದೇ, ಎತ್ತರ ಮಾತ್ರ ಕಡಿಮೆ. ಅಕ್ಕನ ಮಾತಿನಲ್ಲಿ ಹೇಳುವುದಾದರೆ ಉಸಿರಾಟವಿಲ್ಲ.

ಎಲೆಕ್ಟ್ರಾನಿಕ್ ತಂಬೂರಿ ನಮ್ಮ ಊರಿನದೇ ಆವಿಷ್ಕಾರ ಎಂಬುದನ್ನು ಇಲ್ಲಿ ಹೇಳಬೇಕು. ಬೆಂಗಳೂರಿನ ಇಂಜಿನಿಯರ್ ಮತ್ತು ಸಂಗೀತಗಾರ ಜಿ. ರಾಜ್ ನಾರಾಯಣ್ ಅದನ್ನು 1979ರಲ್ಲಿ ರೂಪಿಸಿದರು. ಮೇಲಿನ ಲೆಕ್ಕದ ಹಿನ್ನೆಲೆಯಲ್ಲಿ ಆ ವರ್ಷವನ್ನು ನೋಡಿ. ಸೂಪರ್ ಫ್ಯಾಮಿಕಾಮ್ ಬರಲು ಇನ್ನೂ ಹನ್ನೊಂದು ವರ್ಷ. ಒಂದು ಮೀಟಿನ ಸ್ಯಾಂಪಲ್ಲನ್ನು ಪೂರ್ತಿ ಇಟ್ಟುಕೊಳ್ಳುವಷ್ಟು ಮೆಮೊರಿಯನ್ನು ಸಂಗೀತ ವಿದ್ಯಾರ್ಥಿ ಕೊಳ್ಳಬಹುದಾದ ಬೆಲೆಯ ಪೆಟ್ಟಿಗೆಯಲ್ಲಿ ಹಾಕುವಂತಿರಲಿಲ್ಲ. ಹಾಗಿದ್ದೂ ಇಂಥ ಪೆಟ್ಟಿಗೆ ಊರೂರಿನ ಸಂಗೀತದ ಮನೆಗಳನ್ನು ಸೇರಿತು. ಬಸ್ಸಿನಲ್ಲಿ ಒಯ್ಯಲಾಗದ, ಮಳೆಗಾಲದಲ್ಲಿ ಶ್ರುತಿ ಜಾರುವ, ಬುರುಡೆ ಒಡೆದರೆ ರಿಪೇರಿಗೆ ಅಲೆಯಬೇಕಾದ ವಾದ್ಯದ ಜಾಗದಲ್ಲಿ ಅದು ಕೂತಿತು. ನಿಜವಾದ ತಂಬೂರಿಯ ಸ್ಯಾಂಪಲ್ಲನ್ನೇ ನುಡಿಸುವ ಪೆಟ್ಟಿಗೆಗಳು ಬಂದದ್ದು ಆಮೇಲೆ, ಮೆಮೊರಿ ಅಗ್ಗವಾದಂತೆ.

ಎರಡು ತಂತಿಗಳ ಜಗಳ

ಸ್ಯಾಂಪಲ್ ಉದ್ದವಾದರೆ ಸಾಕೇ? ಸಾಲದು. ತಂಬೂರಿಯಲ್ಲಿ ಸಾರಣಿ, ಅನುಸಾರಣಿ ಎಂಬ ಎರಡು ತಂತಿಗಳು ಒಂದೇ ಷಡ್ಜಕ್ಕೆ ಕೂಡಿರುತ್ತವೆ. ಎಷ್ಟೇ ಚೆನ್ನಾಗಿ ಕೂಡಿಸಿದರೂ ಒಂದು 130.8 ಹರ್ಟ್ಜ್ ಇದ್ದರೆ ಇನ್ನೊಂದು 131.0 ಇದ್ದೀತು. ವ್ಯತ್ಯಾಸ 0.2. ಐದು ಸೆಕೆಂಡಿಗೊಮ್ಮೆ ಸದ್ದು ಏರಿ ಇಳಿಯುತ್ತದೆ. ಪಠ್ಯಪುಸ್ತಕದಲ್ಲಿ ಇದಕ್ಕೆ ವಿಸ್ಪಂದ ಎಂದು ಹೆಸರು. ಇನ್ನು ಅವುಗಳ ಹತ್ತನೆಯ ಹಾರ್ಮೋನಿಕ್‌ಗಳನ್ನು ನೋಡಿ: 1308 ಮತ್ತು 1310. ಅಲ್ಲಿ ಸೆಕೆಂಡಿಗೆ ಎರಡು ವಿಸ್ಪಂದ. ಒಂದೊಂದು ಹಾರ್ಮೋನಿಕ್ ಒಂದೊಂದು ವೇಗದಲ್ಲಿ ಮಿನುಗುತ್ತಿರುತ್ತದೆ. ಒಂದೇ ಸ್ಯಾಂಪಲ್ಲನ್ನು ಒಂದೇ ಗಡಿಯಾರದಿಂದ ಎರಡು ಸಲ ನುಡಿಸಿದರೆ ವ್ಯತ್ಯಾಸ ನಿಖರವಾಗಿ ಸೊನ್ನೆ. ಮಿನುಗು ಇಲ್ಲ. ಇಲ್ಲಿ ನಿಖರತೆಯೇ ದೋಷ. ಇದನ್ನು ಅರಿತ ತಯಾರಕರು ಪ್ರತಿ ತಂತಿಗೂ ಬೇರೆ ಬೇರೆ ಸೂಕ್ಷ್ಮ ಶ್ರುತಿಗುಂಡಿ ಇಟ್ಟಿದ್ದಾರೆ. ಬಳಸುವವರು ಅದನ್ನು ಮುಟ್ಟುವುದೇ ಇಲ್ಲ ಎಂಬುದು ಬೇರೆ ಮಾತು.

ಇನ್ನೊಂದು ತೊಡಕು ಶ್ರುತಿ ಬದಲಿಸುವುದರಲ್ಲಿದೆ. ಹಳೆಯ ಆಟಗಳಲ್ಲಿ ಒಂದೇ ಸ್ಯಾಂಪಲ್ಲನ್ನು ವೇಗವಾಗಿ ಓದಿದರೆ ಮೇಲಿನ ಸ್ವರ, ನಿಧಾನವಾಗಿ ಓದಿದರೆ ಕೆಳಗಿನ ಸ್ವರ. ಐದು ಸ್ವರಸ್ಥಾನ ಮೇಲೇರಲು ವೇಗ 1.335 ಪಟ್ಟು. ತಂತಿಯ ಆವೃತ್ತಿ ಹಾಗೆ ಏರಬೇಕಾದದ್ದು ಸರಿಯೇ. ಆದರೆ ಸ್ಯಾಂಪಲ್ಲಿನೊಳಗೆ ಬುರುಡೆಯ ಅನುರಣನವೂ ಸೇರಿದೆ. ಅದು 300 ಹರ್ಟ್ಜಿನಲ್ಲಿದೆ ಎಂದುಕೊಂಡರೆ ಅದೂ 400ಕ್ಕೆ ಏರಿಬಿಡುತ್ತದೆ. ತಂತಿಯನ್ನು ಬಿಗಿದರೆ ಬುರುಡೆ ಕುಗ್ಗುವುದುಂಟೇ? ಪುರುಷರ ಶ್ರುತಿಯಲ್ಲಿ ಮುದ್ರಿಸಿದ ತಂಬೂರಿಯನ್ನು ಹೀಗೆ ಸ್ತ್ರೀಯರ ಶ್ರುತಿಗೆ ಏರಿಸಿದರೆ ಆಟಿಕೆ ತಂಬೂರಿಯಂತೆ ಕೇಳುವುದು ಇದರಿಂದ. ಕೆಲವೇ ಸ್ವರಸ್ಥಾನಗಳಿಗೊಂದರಂತೆ ಬೇರೆ ಬೇರೆ ಸ್ಯಾಂಪಲ್ ಇಡುವುದೊಂದೇ ಸರಳ ಪರಿಹಾರ. ವೀಣೆಯ ಗಮಕಕ್ಕೂ ಇದೇ ಕಷ್ಟ. ತಂತಿಯನ್ನು ಎಳೆದಾಗ ಕೊಡ ಇದ್ದಂತೆಯೇ ಇರುತ್ತದೆ. ಸ್ಯಾಂಪಲ್ಲನ್ನು ಎಳೆದಾಗ ಕೊಡವೂ ಎಳೆಯಲ್ಪಡುತ್ತದೆ.

ಯಾವ ವಾದ್ಯಗಳಿಗೆ ಜಾಗ ಸಿಗಬೇಕು ಎಂಬುದು ಒಮ್ಮೆ ಪಟ್ಟಿಯಾಗಿಯೇ ತೀರ್ಮಾನವಾಯಿತು. ಬೇರೆ ಬೇರೆ ಕಂಪನಿಗಳ ಯಂತ್ರಗಳು ಒಂದೇ ಸ್ವರಲಿಪಿಯನ್ನು ಒಂದೇ ವಾದ್ಯಗಳಲ್ಲಿ ನುಡಿಸಲೆಂದು 1991ರಲ್ಲಿ 'ಜನರಲ್ ಮಿಡಿ' ಎಂಬ ಒಪ್ಪಂದ ಬಂತು. ಕಂಪ್ಯೂಟರಿನ ಆಟಗಳು ಅದನ್ನೇ ಅನುಸರಿಸಿದವು. 128 ವಾದ್ಯಗಳ ಪಟ್ಟಿಯಲ್ಲಿ ನಮ್ಮ ಕಡೆಯವು ಎರಡು: 105ನೆಯದು ಸಿತಾರ್, 112ನೆಯದು ಶಹನಾಯಿ. ವೀಣೆ ಇಲ್ಲ, ಮೃದಂಗವಿಲ್ಲ, ತಂಬೂರಿಯಿಲ್ಲ. ಹೆಲಿಕಾಪ್ಟರಿನ ಸದ್ದು ಇದೆ, ಚಪ್ಪಾಳೆ ಇದೆ! ತೊಂಬತ್ತರ ದಶಕದ ಕೊನೆಯಲ್ಲಿ ನಾನು ಎಸ್.ಪಿ. ರಸ್ತೆಯಲ್ಲಿ ಸೆಕೆಂಡ್ ಹ್ಯಾಂಡ್ ಸೌಂಡ್ ಕಾರ್ಡೊಂದನ್ನು ಕೊಂಡೆ, 1994ರ 'ಸೌಂಡ್ ಬ್ಲಾಸ್ಟರ್ ಎ.ಡಬ್ಲ್ಯೂ.ಇ. 32'. ಅದರಲ್ಲಿ ಪಟ್ಟಿಯ ಎಲ್ಲ ವಾದ್ಯಗಳೂ ಸೇರಿ 1 ಮೆಗಾಬೈಟ್. ಸರಾಸರಿ ವಾದ್ಯಕ್ಕೆ 8 ಕಿಲೋಬೈಟ್. ಸಿತಾರಿನ ಕುದುರೆಯೂ ತಂಬೂರಿಯದರಂತೆ ಅಗಲ, ಬಾಗು. ಅದನ್ನು ಇಂಥ ಜಾಗದಲ್ಲಿ ಹಿಡಿದಿಟ್ಟರೆ ಏನು ಉಳಿಯುತ್ತದೆಂದು ಹೇಳಬೇಕಿಲ್ಲ. ಅದನ್ನೇ ಸಿತಾರ್ ಎಂದು ಕೇಳಿ ಬೆಳೆದ ಮಕ್ಕಳು ಪ್ರಪಂಚದ ತುಂಬ ಇದ್ದಾರೆ.

ತರಗತಿಯಲ್ಲಿ ಮಾಡಿ ನೋಡಲು

ಈಗ ಮೆಮೊರಿಯ ಕೊರತೆ ಇಲ್ಲ. ನಾಲ್ಕು ಸೆಕೆಂಡಿನ ಮೀಟನ್ನು ಸಿ.ಡಿ. ಗುಣಮಟ್ಟದಲ್ಲಿ ಇಟ್ಟರೂ 3,52,800 ಬೈಟ್. ಜೇಬಿನ ಫೋನಿಗೆ ಅದು ಲೆಕ್ಕಕ್ಕೇ ಇಲ್ಲ. ಫೋನಿನ ತಂಬೂರಿ ತಂತ್ರಾಂಶಗಳಲ್ಲಿ ಉದ್ದದ ಧ್ವನಿಮುದ್ರಣಗಳಿರುತ್ತವೆ. ಲೂಪ್ ಆಗ ಒಂದು ಆವರ್ತದ್ದಲ್ಲ, ಹಲವು ಮೀಟುಗಳದ್ದು. ಹೊಲಿಗೆ ದೂರ ದೂರ ಬೀಳುತ್ತದೆ, ಅಷ್ಟೇ. ಕಣ್ಣು ಮುಚ್ಚಿ ಕೇಳಿದರೆ ಎಷ್ಟೋ ತಂತ್ರಾಂಶಗಳಲ್ಲಿ ಅದನ್ನು ಹಿಡಿಯಬಹುದು.

ಅಧ್ಯಾಪಕರು ಒಂದು ಗಂಟೆಯ ಪ್ರಯೋಗವಾಗಿ ಇದನ್ನು ಮಾಡಿಸಬಹುದು. 'ಆಡಾಸಿಟಿ' ಎಂಬ ಉಚಿತ ತಂತ್ರಾಂಶ, ಒಂದು ಸಾಧಾರಣ ಮೈಕ್ರೋಫೋನು, ಯಾರದಾದರೂ ಮನೆಯ ನಿಜವಾದ ತಂಬೂರಿ ಬೇಕು. ಮಾದರಿಯ ದರವನ್ನು 32,000ಕ್ಕೆ ಇಟ್ಟು ಒಂದು ತಂತಿಯನ್ನು ಮಾತ್ರ ಒಮ್ಮೆ ಮೀಟಿ, ಅದು ತಾನಾಗಿ ಸುಮ್ಮನಾಗುವವರೆಗೆ ಮುದ್ರಿಸಿಕೊಳ್ಳಿ. ಮೀಟಿದ ಅರ್ಧ ಸೆಕೆಂಡಿನ ನಂತರದ ತುಣುಕು, ಎರಡು ಸೆಕೆಂಡಿನ ನಂತರದ ತುಣುಕು, ಎರಡರ ರೋಹಿತವನ್ನೂ ಬರೆಸಿ ಒಂದರ ಪಕ್ಕ ಒಂದಿಟ್ಟು ನೋಡಿ. ಪ್ರಬಲ ಹಾರ್ಮೋನಿಕ್‌ಗಳು ಎಷ್ಟನೆಯವು ಎಂದು ವಿದ್ಯಾರ್ಥಿಗಳೇ ಎಣಿಸಲಿ. ನಂತರ ಒಂದೇ ಆವರ್ತವನ್ನು ಕತ್ತರಿಸಿ, ನಾಲ್ಕು ಸೆಕೆಂಡಿನಷ್ಟು ಮರುಕಳಿಸಿ, ಕ್ರಮೇಣ ಕುಗ್ಗುವಂತೆ ಮಾಡಿ ಮೂಲದೊಂದಿಗೆ ಹೋಲಿಸಿ ಕೇಳಲಿ. ಕೊನೆಯಲ್ಲಿ ಜೀವಾಳದ ದಾರವನ್ನು ತೆಗೆದು ಇನ್ನೊಮ್ಮೆ ಮುದ್ರಿಸಿ. ವಾದ್ಯದ ಒಡೆಯರನ್ನು ಕೇಳಿಯೇ ತೆಗೆಯಿರಿ. ದಾರವನ್ನು ಮತ್ತೆ ಸರಿಯಾದ ಜಾಗಕ್ಕೆ ಕೂರಿಸುವುದು ಸಲೀಸಲ್ಲ.

ನಾನು ಅಕ್ಕನ ತಂಬೂರಿಯಲ್ಲಿ ಇದನ್ನು ಮಾಡಿದಾಗ ಲೂಪನ್ನು ಅಡುಗೆಮನೆಯವರೆಗೆ ಕೇಳುವಂತೆ ಹಾಕಿದ್ದೆ. “ಯಾರ ಮನೆ ಕಾಲಿಂಗ್ ಬೆಲ್ಲೋ ಸಿಕ್ಕಿಹಾಕಿಕೊಂಡಿದೆ, ಹೋಗಿ ನೋಡು” ಎಂದರು ಒಳಗಿನಿಂದ.

ಮೈಕ್ರೋಫೋನಿನ ಬದಲು ಫೋನಿನಲ್ಲೇ ಮುದ್ರಿಸುವವರಿಗೆ ಒಂದು ಎಚ್ಚರಿಕೆ. ಹಲವು ಫೋನುಗಳಲ್ಲಿ ಹಿನ್ನೆಲೆಯ ಗದ್ದಲವನ್ನು ಅಡಗಿಸುವ ಸೌಲಭ್ಯ ತಾನಾಗಿಯೇ ಚಾಲೂ ಆಗಿರುತ್ತದೆ. ಬದಲಾಗದೆ ಒಂದೇ ಸಮನೆ ಇರುವ ಸದ್ದೆಲ್ಲ ಫ್ಯಾನಿನದೋ ಮೋಟಾರಿನದೋ ಇರಬೇಕೆಂದು ಅದು ಭಾವಿಸುತ್ತದೆ. ತಂಬೂರಿಯನ್ನೂ ಆ ಗುಂಪಿಗೆ ಸೇರಿಸಿ ಕೆಲವು ಸೆಕೆಂಡಿನಲ್ಲಿ ಅಡಗಿಸಿಬಿಡುತ್ತದೆ. ಮೊದಲು ಅದನ್ನು ಆರಿಸಿ, ಒಂದು ಸಲ ಮುದ್ರಿಸಿ ಕೇಳಿ ನೋಡಿ, ಆಮೇಲೆ ಪ್ರಯೋಗ ಶುರುಮಾಡಿ.